ತುಟಿಯಲ್ಲಿ ಗುಂಡುಸೂಜಿ

ಬೀದಿಯವರೆಲ್ಲ ಅವಳನ್ನು ರೇಡಿಯೋ ಅಂತಲೇ ಕರೆಯುತ್ತಿದ್ದರು. ಹೊಲಿಗೆ ಅವಳ ಕಸುಬು, ಮಾತು ಅವಳ ಉಸಿರು. ಬಟ್ಟೆ ಕೊಡಲು ಬಂದವರು ಅರ್ಧ ಬೀದಿಯ ಸುದ್ದಿಯನ್ನು ಹೊತ್ತುಕೊಂಡು ಹೋಗುತ್ತಿದ್ದರು.

ಅಂಥವಳ ಹೊಟ್ಟೆಯಲ್ಲಿ ಹುಟ್ಟಿದ ಮಗಳಿಗೆ ಮೂಕಿ ಚಿತ್ರದ ಹುಚ್ಚು. ಮನೆಯವರನ್ನೇ ಕಟ್ಟಿಕೊಂಡು, ಮಾತೇ ಇಲ್ಲದ ಪುಟ್ಟ ನಗೆಚಿತ್ರ ತೆಗೆಯುತ್ತಿದ್ದಳು. ಈ ಸಲದ ಕಥೆಯಲ್ಲಿ ಗಂಡ ಊಟಕ್ಕೆ ಕೂತಿರುತ್ತಾನೆ. ಹೆಂಡತಿ ಅವನ ಅಂಗಿಗೆ ಗುಂಡಿ ಹೊಲಿಯುತ್ತಾ ಮೇಜಿನ ಬಟ್ಟೆಯನ್ನೂ ಸೇರಿಸಿ ಹೊಲಿದುಬಿಡುತ್ತಾಳೆ. ಕರೆಗಂಟೆ ಕೇಳಿ ಗಂಡ ಎದ್ದರೆ ತಟ್ಟೆ, ಲೋಟ ಎಲ್ಲ ಅವನ ಹಿಂದೆಯೇ ಹೊರಡುತ್ತವೆ. ಗಂಡನ ಪಾತ್ರಕ್ಕೆ ಮನೆಯ ಯಜಮಾನನೇ ನಿಂತ. ಹೆಂಡತಿಯ ಪಾತ್ರ ತನ್ನದೆಂದು ರೇಡಿಯೋ ಎಲ್ಲರಿಗೂ ಸಾರಿ ಬಂದಿದ್ದಳು.

ಆದರೆ ಕ್ಯಾಮೆರಾ ಶುರುವಾಗಿದ್ದೇ ತಡ, "ರೀ, ಅಲ್ಲಾಡಬೇಡಿ, ಸೂಜಿ ಚುಚ್ಚುತ್ತೆ, ಆಮೇಲೆ ನನ್ನ ಮೇಲೆ ಹಾರಾಡ್ತೀರಿ..."

"ಅಮ್ಮಾ! ಇದು ಮೂಕಿ ಚಿತ್ರ!"

"ದನಿ ಹೇಗೂ ಬರಲ್ವಲ್ಲೇ. ನಾನು ಮಾತಾಡಿದ್ರೆ ನಿನ್ನ ಗಂಟೇನು ಹೋಗುತ್ತೆ?"

"ನೀನು ಬಾಯಿ ತೆಗೆದ ಕೂಡಲೇ ನಿನ್ನ ಮುಖ ಕೆಲಸ ಬಿಟ್ಟು ಕೂತ್ಕೊಳ್ಳುತ್ತೆ. ಸಾಕಾಯ್ತು. ನಾಳೆಯಿಂದ ಚಿಕ್ಕಮ್ಮನ್ನೇ ಕೂರಿಸ್ತೀನಿ."

ಚಿಕ್ಕಮ್ಮ ಎಂದರೆ ಮಹಡಿಯ ಮೇಲೆ ವಾಸವಾಗಿದ್ದ ರೇಡಿಯೋಳ ತಂಗಿ. ತಾನು ಬದುಕಿರುವಾಗಲೇ ತನ್ನ ಗಂಡನಿಗೆ ಇನ್ನೊಬ್ಬಳು ಹೆಂಡತಿ! ರೇಡಿಯೋ ಮುಖ ಊದಿಸಿಕೊಂಡು ಹೊಲಿಗೆಯ ಕೋಣೆಗೆ ಹೋದಳು. ಯಾರದೋ ಲಂಗದ ಅಂಚು ಮಡಿಸುವುದಿತ್ತು. ಎಂದಿನಂತೆ ಗುಂಡುಸೂಜಿಗಳನ್ನು ಸಾಲಾಗಿ ತುಟಿಗಳ ನಡುವೆ ಕಚ್ಚಿಕೊಂಡಳು. ಅವಳ ಬಾಯಿಗೆ ರಜೆ ಸಿಗುತ್ತಿದ್ದುದು ಈ ಒಂದು ಕೆಲಸದಲ್ಲಿ ಮಾತ್ರ.

ಅಷ್ಟರಲ್ಲಿ ತಂಗಿ ಇಳಿದು ಬಂದಳು. "ಬೇಜಾರು ಮಾಡ್ಕೋಬೇಡ ಕಣಕ್ಕ. ಬಾವನೂ ನಾನೇ ವಾಸಿ ಅಂದ್ರು. ಚಿತ್ರಕ್ಕೆ ನಿನ್ನ ಏಪ್ರನ್ ಕೊಡ್ತೀಯಾ? ನನ್ನ ಸೊಂಟಕ್ಕೆ ದೊಗಳೆ ಆಗುತ್ತೆ, ಪರವಾಗಿಲ್ಲ."

ರೇಡಿಯೋಗೆ ಪಿತ್ತ ನೆತ್ತಿಗೇರಿತು. ಉತ್ತರ ನಾಲಿಗೆಯ ತುದಿಯಲ್ಲೇ ಇತ್ತು, ಆದರೆ ಬಾಯಿ ತುಂಬ ಸೂಜಿ. ಮೆಲ್ಲಗೆ ಅವಳ ಒಂದು ಹುಬ್ಬು ಮೇಲೇರಿತು. ಅಳತೆಯ ಟೇಪು ಎತ್ತಿಕೊಂಡು ದೂರದಿಂದಲೇ ತಂಗಿಯ ಸೊಂಟ ಅಳೆದಳು. ಟೇಪು ಎಳೆದಳು, ಇನ್ನೂ ಎಳೆದಳು, ಅದು ಮುಗಿದೇ ಹೋಯಿತು. ಇನ್ನೊಂದು ಟೇಪಿಗಾಗಿ ಗಂಭೀರವಾಗಿ ಸುತ್ತಲೂ ಹುಡುಕಿದಳು. ತಂಗಿ ಹಿಂದೆ ಹಿಂದೆ ಸರಿದು ಬಟ್ಟೆಯ ಬುಟ್ಟಿಯೊಳಕ್ಕೆ ಕುಕ್ಕರಿಸಿದಳು, ಕಾಲು ಮೇಲಾದವು. ರೇಡಿಯೋ ಅವಳಿಗೊಂದು ದುಪ್ಪಟಿ ಹೊದಿಸಿ ಕೈ ಕೊಡವಿಕೊಂಡಳು.

ಬಾಗಿಲಲ್ಲಿ ನಿಂತಿದ್ದ ಮಗಳು ನಕ್ಕೂ ನಕ್ಕೂ ನೆಲಕ್ಕೇ ಕುಸಿದಳು. ಬುಟ್ಟಿಯೊಳಗಿಂದಲೂ ನಗು ಕೇಳಿತು.

"ಅಮ್ಮಾ, ಸೂಜಿ ತೆಗೀಬೇಡ! ಹಾಗೇ ಬಾ, ಕ್ಯಾಮೆರಾ ಮುಂದೆ ಬಾ!"

ವಾಚನಾಲಯದ ಸಭಾಂಗಣದಲ್ಲಿ ಚಿತ್ರ ಹಾಕಿದ ದಿನ ಕಾಲಿಡಲು ಜಾಗವಿರಲಿಲ್ಲ. ಪರದೆಯ ಮೇಲೆ ಗಂಡ ಎದ್ದ, ಊಟವೂ ಎದ್ದಿತು. ಬಾಯಿ ತುಂಬ ಸೂಜಿಯಿದ್ದು ಕೂಗಿ ತಡೆಯಲಾಗದ ಹೆಂಡತಿ ಕಣ್ಣು ಅಗಲಿಸಿ, ಕೊನೆಗೆ ರಾಣಿಯ ಹಿಂದಿನ ದಾಸಿಯಂತೆ ಮೇಜಿನ ಬಟ್ಟೆಯ ತುದಿ ಹಿಡಿದು ನಡೆದಳು. ಬಾಗಿಲಲ್ಲಿ ಅತಿಥಿಯಾಗಿ ನಿಂತಿದ್ದ ತಂಗಿ, ನಡೆದು ಬಂದ ತಟ್ಟೆಯಿಂದ ಒಂದು ತುತ್ತು ಎತ್ತಿ ಬಾಯಿಗೆ ಹಾಕಿಕೊಂಡಳು. ಜನ ಬಿದ್ದು ಬಿದ್ದು ನಕ್ಕರು.

"ಇನ್ನೊಂದ್ಸಲ! ಇನ್ನೊಂದ್ಸಲ ಹಾಕಿ!"

ಎರಡನೆಯ ಸಲ ಚಿತ್ರ ಶುರುವಾದಾಗ ರೇಡಿಯೋ ತನ್ನ ಕುರ್ಚಿಯನ್ನೇ ತಿರುಗಿಸಿ ಜನರತ್ತ ಮುಖ ಮಾಡಿ ಕೂತಳು. ಅಂಚೆಯವನು ಕಣ್ಣೊರೆಸಿಕೊಳ್ಳುತ್ತಿದ್ದ. ಎಂದೂ ಹಲ್ಲು ಬಿಡದ ಔಷಧಿ ಅಂಗಡಿಯವಳು ಪಕ್ಕದವಳ ಹೆಗಲು ಹಿಡಿದು ಅಲುಗುತ್ತಿದ್ದಳು.

"ಪರದೆ ಆ ಕಡೆ ಇದೆ ಕಣೇ," ಎಂದ ಗಂಡ.

"ನಿಮ್ಮ ಮುಖ ಮನೇಲೂ ಇರುತ್ತೆ ಬಿಡಿ," ಎಂದಳು ಅವಳು. "ಸರೀರಿ ಸ್ವಲ್ಪ, ಆ ಹಿಂದಿನ ಸಾಲು ಕಾಣ್ತಿಲ್ಲ."