ನಲವತ್ತೆಂಟರ ವಿಜ್ಞಾನಿ, ಕಲ್ಯಾಣದುರ್ಗದ ದೊಡ್ಡಮ್ಮ

ಈ ಪ್ರಯಾಣದ ಕೆಲವು ವಿವರಗಳು ನನ್ನ ನೆನಪಿನಲ್ಲಿ ತಪ್ಪಾಗಿ ಕೂತಿರಬಹುದು. ಹಿಂದಿರುಗಿದ್ದು ನಿನ್ನೆ ಮಧ್ಯಾಹ್ನವಷ್ಟೇ. ಆದರೂ ಕಾಫಿ ಕುಡಿದದ್ದು ಪೆನುಕೊಂಡದಲ್ಲೋ ಧರ್ಮಾವರದಲ್ಲೋ ಎಂದು ಯಾರಾದರೂ ಕೇಳಿದರೆ ಆಣೆ ಮಾಡಿ ಹೇಳಲಾರೆ. ಮುಂದಿನ ಸೀಟಿನ ಬೆನ್ನಿನ ಮೇಲೆ ಯಾರೋ ಮೊಳೆಯಿಂದ ಗೀಚಿದ್ದ ಎರಡು ಹೆಸರುಗಳು ಮಾತ್ರ ಅಕ್ಷರ ಅಕ್ಷರವಾಗಿ ನೆನಪಿವೆ. ಆ ಎರಡು ದಿನವೂ ನಾನು ಹೆದರಿದ್ದೆ.

ಶುಕ್ರವಾರ ಬೆಳಿಗ್ಗೆ ಆರೂವರೆಗೆ ಹಿಂದೂಪುರ ಬಿಟ್ಟೆ. ಶಿವರಾತ್ರಿ ಕಳೆದಿತ್ತು. ಆ ಹೊತ್ತಿಗಾಗಲೇ ಗಾಳಿಯಲ್ಲಿ ಚಳಿ ಇರಲಿಲ್ಲ. ಕಲ್ಯಾಣದುರ್ಗದ ಒಂದು ಕಾಲೇಜಿನವರು ವಿಜ್ಞಾನ ದಿನಕ್ಕೆ ಉಪನ್ಯಾಸ ಕೊಡಲು ಕರೆದಿದ್ದರು. ವಿಷಯ ನನ್ನದೇ ಆಯ್ಕೆ: ವಿಕ್ಟೋರಿಯಾ ರಾಣಿಯ ಕಾಲದ ಸ್ಕಾಟ್ಲೆಂಡಿನ ಒಬ್ಬ ಭೌತವಿಜ್ಞಾನಿಯ ಬದುಕು. ವಿದ್ಯುತ್ತು, ಅಯಸ್ಕಾಂತ, ಬೆಳಕು ಮೂರೂ ಒಂದೇ ನೆಲೆಯವು ಎಂದು ಲೆಕ್ಕ ಹಾಕಿ ತೋರಿಸಿದವನು. ಹಿಂದೂಪುರದ ಜೂನಿಯರ್ ಕಾಲೇಜಿನಲ್ಲಿ ಇಪ್ಪತ್ತು ವರ್ಷದಿಂದ ಅವನ ಸಮೀಕರಣಗಳನ್ನು ಸರಳ ಮಾಡಿ ಪಾಠ ಹೇಳುತ್ತಿದ್ದೇನೆ. ಮನೆಯಲ್ಲಿ ಹೇಳಿ ಹೊರಟದ್ದು ಈ ಕಾರಣ.

ಹೇಳದೆ ಇಟ್ಟುಕೊಂಡ ಕಾರಣ ಬೇರೆ. ಎಂಟು ತಿಂಗಳಿಂದ ನನಗೆ ಊಟ ಸರಿಯಾಗಿ ಇಳಿಯುತ್ತಿಲ್ಲ. ಗ್ಯಾಸ್ ಎಂದು ಗಂಡನಿಗೆ ಹೇಳಿದ್ದೆ, ಮಗಳಿಗೆ ಅದನ್ನೂ ಹೇಳಿರಲಿಲ್ಲ. ನೀರಿಗೆ ಅಡುಗೆ ಸೋಡಾ ಬೆರೆಸಿ ಕುಡಿದರೆ ಸ್ವಲ್ಪ ಹೊತ್ತು ಹಗುರಾಗುತ್ತಿತ್ತು. ಹೋದ ವಾರ ಕೊನೆಗೂ ಡಾಕ್ಟರ ಹತ್ತಿರ ಹೋದಾಗ ಅವರು ಸೋಮವಾರಕ್ಕೆ ಎಂಡೋಸ್ಕೋಪಿ ಬರೆದರು. ನಿಮ್ಮ ತಾಯಿ ಏನಾಗಿ ತೀರಿಕೊಂಡರು, ಆಗ ಎಷ್ಟು ವಯಸ್ಸು, ತಿಳಿದುಕೊಂಡು ಬನ್ನಿ ಎಂದರು. ಅಮ್ಮ ಕೊನೆಯ ಐದು ತಿಂಗಳು ಇದ್ದದ್ದು ಕಲ್ಯಾಣದುರ್ಗದಲ್ಲಿ, ಅವಳ ಅಕ್ಕನ ಮನೆಯಲ್ಲಿ. ಬಳ್ಳಾರಿಯ ಆಸ್ಪತ್ರೆಗೆ ಅಲ್ಲಿಂದ ಹತ್ತಿರ. ನಾನು ಆಗ ಅನಂತಪುರದ ಹಾಸ್ಟೆಲಿನಲ್ಲಿದ್ದೆ. ಪರೀಕ್ಷೆ ಕೆಡುತ್ತದೆಂದು ನನ್ನನ್ನು ಕರೆಸಲಿಲ್ಲ, ಎಲ್ಲ ಮುಗಿದ ಮೇಲೆ ಕರೆಸಿದರು.

ಆಂಧ್ರದ ಬಸ್ಸಿನಲ್ಲಿ ಈಗ ಹೆಂಗಸರಿಗೆ ಟಿಕೆಟ್ಟಿನ ದುಡ್ಡಿಲ್ಲ, ಆಧಾರ್ ತೋರಿಸಬೇಕು. ಸೋಮಂದೇಪಲ್ಲಿಯಲ್ಲಿ ಹೂವಿನ ಬುಟ್ಟಿಯವರು, ಸಂಘದ ಮೀಟಿಂಗಿಗೆ ಹೊರಟವರು ಸೇರಿ ಹತ್ತು ಹನ್ನೆರಡು ಹೆಂಗಸರು ಹತ್ತಿದರು. ಕಂಡಕ್ಟರ್ ಒಂದೊಂದೇ ಕಾರ್ಡು ನೋಡುತ್ತಾ ಬಂದು ನನ್ನದನ್ನೂ ನೋಡಿ ನಕ್ಕ. "ಅಂದರಿಕೀ ಜುಲೈ ಒಕಟೇನಾ ಅಮ್ಮಾ? ಬಸ್ಸುಲೋನೇ ಕೇಕ್ ಕೋದ್ದಾಮಾ?" ಎಂದು ತೆಲುಗಿನಲ್ಲಿ ಕೇಳಿದ: ಎಲ್ಲರದೂ ಜುಲೈ ಒಂದೇನಾ, ಬಸ್ಸಿನಲ್ಲೇ ಕೇಕ್ ಕತ್ತರಿಸೋಣವಾ ಎಂದು. ನಮ್ಮ ಕಡೆ ಶಾಲೆಗೆ ಸೇರಿಸುವಾಗ ಮೇಷ್ಟ್ರು ಮಗುವಿನ ಎತ್ತರ ನೋಡಿ ಒಂದು ತಾರೀಕು ಬರೆದುಕೊಳ್ಳುತ್ತಿದ್ದರು, ಅದೇ ಹುಟ್ಟುಹಬ್ಬ. ನಾನು ಹುಟ್ಟಿದ್ದು ಯುಗಾದಿಯ ಆಸುಪಾಸು. ಅಂದರೆ ಬರುವ ತಿಂಗಳಿಗೆ ನಲವತ್ತೆಂಟು ತುಂಬುತ್ತದೆ. ಹೆಂಗಸರೆಲ್ಲ ನಕ್ಕರು, ನಾನೂ ನಕ್ಕೆ.

ಪೆನುಕೊಂಡದಲ್ಲಿ ಬಸ್ಸು ಬದಲಿಸಿ ಧರ್ಮಾವರದ ಬಸ್ಸು ಹಿಡಿದೆ. ಕಿಟಕಿಯ ಪಕ್ಕ ಕೂತು ಉಪನ್ಯಾಸದ ಟಿಪ್ಪಣಿ ತೆರೆದೆ. ಆ ವಿಜ್ಞಾನಿಯ ತಾಯಿ ಹೊಟ್ಟೆಯ ಕ್ಯಾನ್ಸರಿನಿಂದ ಸತ್ತಾಗ ಅವನಿಗೆ ಎಂಟು ವರ್ಷ. ಇನ್ನು ಅಮ್ಮನಿಗೆ ನೋವಿಲ್ಲ ಎಂದು ಆ ಮಗು ಸಂತೋಷಪಟ್ಟಿತಂತೆ. ಮುಂದೆ ಅವನಿಗೂ ನುಂಗುವುದು ಕಷ್ಟವಾಯಿತು. ಸೋಡಾ ಕುಡಿದರೆ ತುತ್ತು ಇಳಿಯುತ್ತದೆಂದು ತಾನೇ ಕಂಡುಕೊಂಡ. ಸುಮಾರು ಎರಡು ವರ್ಷ ಡಾಕ್ಟರಿಗೆ ಹೇಳಲಿಲ್ಲ. ಹೇಳಿದ ಮೇಲೆ ಅವನಿಗೆ ಉಳಿದದ್ದು ಕೆಲವೇ ತಿಂಗಳು. ತಾಯಿಗೆ ಬಂದ ರೋಗವೇ, ಹೆಚ್ಚುಕಡಿಮೆ ತಾಯಿಯದೇ ವಯಸ್ಸು. ನಲವತ್ತೆಂಟು.

ಈ ಜೀವನಚರಿತ್ರೆಯನ್ನು ನಾನು ಓದಿದ್ದು ಎಂ.ಎಸ್ಸಿ. ಮಾಡುವಾಗ, ಅಮ್ಮ ಹೋದ ಎರಡು ವರ್ಷಕ್ಕೆ. ನನ್ನ ಗೊಂದಲ ಶುರುವಾದದ್ದು ಅಲ್ಲಿಂದ. ನನ್ನ ನೆನಪಿನಲ್ಲಿ ಒಂದು ಚಿತ್ರವಿದೆ. ಕಲ್ಯಾಣದುರ್ಗದ ಬಸ್ ಸ್ಟ್ಯಾಂಡಿನ ಎದುರು ಅಂಗಡಿಯಲ್ಲಿ ಅಮ್ಮ ಗೋಲಿ ಸೋಡಾ ಕುಡಿಯುತ್ತಾ ಎದೆ ನೀವಿಕೊಳ್ಳುತ್ತಿದ್ದಾಳೆ. ಅವಳ ಸೀರೆ ಹಸಿರು. ಇದು ನಾನು ಕಂಡದ್ದೋ, ಆ ಪುಸ್ತಕ ಓದಿದ ಮೇಲೆ ಅವನ ಸೋಡಾವನ್ನು ತಂದು ಅಮ್ಮನ ಕೈಗೆ ಕೊಟ್ಟೆನೋ? ಅಮ್ಮ ಸತ್ತದ್ದು ನಲವತ್ತೆಂಟಕ್ಕೆ ಎಂಬುದು ಕೂಡ ಯಾರು ಹೇಳಿದ್ದು? ಮನೆಯಲ್ಲಿ ಹೇಳಿದ್ದು ಜ್ವರ, ಕಾಮಾಲೆ ಎಂದು ಮಾತ್ರ.

ಧರ್ಮಾವರದಲ್ಲಿ ಎರಡು ಇಡ್ಲಿ ತಗೊಂಡು ಒಂದನ್ನು ಬಿಟ್ಟೆ. ಮೊದಲ ತುಣುಕು ಎದೆಯ ನಡುವೆ ನಿಂತಿತು. ಒಂದು ಲೋಟ ನೀರು ಕುಡಿದೆ, ಅದೂ ಮೇಲೆ ನಿಂತಂತಾಯಿತು. ಯಾರಾದರೂ ನೋಡುತ್ತಾರೆಂದು ಫೋನಿನಲ್ಲಿ ಮಾತಾಡುವವಳಂತೆ ಗೋಡೆಯ ಕಡೆ ತಿರುಗಿ ನಿಂತು ಕಾದೆ. ಅದು ಜಾರಿ ಹೋಗುವಷ್ಟರಲ್ಲಿ ಬೆನ್ನು ಬೆವರಿತ್ತು. ಮೂರನೆಯ ಬಸ್ಸಿನಲ್ಲಿ ಎರಡು ಗಂಟೆ ಕಡಲೆಕಾಯಿಯ ಬಯಲು, ಕರಿ ಬಂಡೆಗಳ ಗುಡ್ಡ, ಗಾಳಿಯಂತ್ರಗಳು. ಹಿಂದೂಪುರದಿಂದ ನೂರೈವತ್ತು ಕಿಲೋಮೀಟರಿನ ಆಸುಪಾಸು ಎಂದು ಅಂದಾಜು. ತಲುಪಿದಾಗ ಹನ್ನೆರಡು ದಾಟಿತ್ತು, ಬಿಸಿಲು ಕಣ್ಣು ಬಿಡಗೊಡುತ್ತಿರಲಿಲ್ಲ.

ಬಸ್ ಸ್ಟ್ಯಾಂಡಿನ ಎದುರು ಸೋಡಾ ಅಂಗಡಿ ಇರಲಿಲ್ಲ. ಆ ಸಾಲಿನಲ್ಲಿ ಮೊಬೈಲ್ ಅಂಗಡಿಗಳಿದ್ದವು. ಮೊದಲು ಅಲ್ಲೇನಿತ್ತು ಎಂದು ಆಟೋದವನನ್ನು ಕೇಳಿದರೆ ಅವನು ಹುಟ್ಟಿದಾಗಿನಿಂದ ಹೀಗೇ ಎಂದ.

ಉಪನ್ಯಾಸ ಎರಡು ಗಂಟೆಗೆ. ಎಂಬತ್ತು ಮಕ್ಕಳಿದ್ದಿರಬಹುದು, ಹೆಚ್ಚಿನವರು ಹುಡುಗಿಯರು. ತೆಲುಗಿನಲ್ಲಿ ಮಾತಾಡಿದೆ. ಬಣ್ಣದ ಕಾಗದಗಳನ್ನು ಬುಗುರಿಯ ಮೇಲೆ ಅಂಟಿಸಿ ತಿರುಗಿಸಿ, ನಮ್ಮ ಕಣ್ಣು ಮೂರು ಬಣ್ಣಗಳಿಂದ ಉಳಿದೆಲ್ಲ ಬಣ್ಣ ಕಟ್ಟಿಕೊಳ್ಳುತ್ತದೆಂದು ಅವನು ತೋರಿಸಿದ್ದನ್ನು ನಾನೂ ಒಂದು ಬುಗುರಿ ತಿರುಗಿಸಿ ತೋರಿಸಿದೆ. ನಿಮ್ಮ ಜೇಬಿನ ಫೋನಿನ ಅಲೆಗಳು ಇದ್ದೇ ಇರುತ್ತವೆ ಎಂದು ಕಾಗದದ ಮೇಲೆ ಕಂಡವನು, ಅವುಗಳನ್ನು ಯಾರೂ ಹುಟ್ಟಿಸುವ ಮೊದಲೇ ಸತ್ತುಹೋದ ಎಂದೆ. ಸೋಡಾದ ವಿಷಯ ಹೇಳಬಾರದೆಂದುಕೊಂಡಿದ್ದೆ. ಬಾಯಿಗೆ ಬಂದುಬಿಟ್ಟಿತು.

ಮುಂದಿನ ಬೆಂಚಿನ ಒಂದು ಹುಡುಗಿ ಎದ್ದು, ಅಷ್ಟು ಬುದ್ಧಿ ಇದ್ದವನು ಎರಡು ವರ್ಷ ಯಾಕೆ ಡಾಕ್ಟರ ಹತ್ತಿರ ಹೋಗಲಿಲ್ಲ ಎಂದು ಕೇಳಿದಳು. ಆ ಕಾಲದಲ್ಲಿ ಹೋಗಿದ್ದರೂ ಔಷಧವಿರಲಿಲ್ಲ ಎಂದೆ. ನಾನು ಕೇಳಿದ್ದು ಅದಲ್ಲ ಮೇಡಂ, ಯಾಕೆ ಹೋಗಲಿಲ್ಲ ಎಂದು, ಎಂದಳು. ಪ್ರಿನ್ಸಿಪಾಲರು ಟೈಮಾಯಿತು ಎನ್ನುತ್ತಾ ಶಾಲು ಹಿಡಿದು ಬಂದದ್ದು ನನ್ನ ಪುಣ್ಯ.

ದೊಡ್ಡಮ್ಮನ ಮನೆ ಅವರ ಕಿರಾಣಿ ಅಂಗಡಿಯ ಹಿಂದೆಯೇ. ಮಗ ಗಲ್ಲಾದಲ್ಲಿದ್ದ, ಸೊಸೆ ಕಡಲೆಬೀಜ ಹಸನು ಮಾಡುತ್ತಿದ್ದಳು. ದೊಡ್ಡಮ್ಮನಿಗೆ ಎಂಬತ್ತರ ಮೇಲಾಗಿದೆ. ಹಣೆಯ ತುಂಬ ವಿಭೂತಿ, ದನಿ ಮೊದಲಿನಷ್ಟೇ ಗಟ್ಟಿ.

"ಬಾರಮ್ಮ. ಏನಿಂಗೆ ಸೊರಗೋಗಿದ್ದೀಯ? ಅದ್ಯಾರೋ ಸತ್ತೋಗಿರೋ ದೊರೆ ಕತೆ ಹೇಳಾಕೆ ಬಂದಿದ್ಯಂತೆ?"

ದೊರೆ ಅಲ್ಲ, ಮೇಷ್ಟ್ರು, ಅವನ ಲೆಕ್ಕ ಇಲ್ಲದಿದ್ದರೆ ಮೊಬೈಲು ಇರುತ್ತಿರಲಿಲ್ಲ ಎಂದೆ. "ಅಂಗಾರೆ ನನ್ ಮೊಮ್ಮಕ್ಳನ್ನ ಕೆಡಿಸ್ದೋನು ಅವ್ನೇ ಅನ್ನು," ಎಂದಳು. ಸೊಸೆ ಬಾಯಿಗೆ ಸೆರಗು ಅಡ್ಡ ಹಿಡಿದು ನಕ್ಕಳು.

ಸಂಜೆ ಏಳಕ್ಕೇ ಊಟಕ್ಕಿಟ್ಟರು. ಮುದ್ದೆ, ಹುರುಳಿಕಾಳು ಸಾರು. ಬೇಡ ಎನ್ನಲಾಗಲಿಲ್ಲ. ಮುದ್ದೆಯನ್ನು ಅಗಿಯುವ ಪದ್ಧತಿ ನಮ್ಮಲ್ಲಿಲ್ಲ. ಮುರಿದು, ಸಾರಿನಲ್ಲಿ ಅದ್ದಿ, ನುಂಗುವುದು. ನುಂಗಲು ನನಗೆ ಧೈರ್ಯ ಬರಲಿಲ್ಲ. ಕಡಲೆಕಾಳಿನಷ್ಟು ಮುರಿದು, ಯಾರಿಗೂ ಕಾಣದಂತೆ ಅಗಿದೆ. ಎದುರು ಕೂತಿದ್ದ ದೊಡ್ಡಮ್ಮನಿಗೆ ಕಂಡಿತು.

"ಮುದ್ದೆ ಅಗೀತಿದ್ದೀಯಲ್ಲಮ್ಮ, ಇಂದೂಪುರದಾಗೆ ಅಂಗೇ ಉಣ್ತಾರಾ?" ಎಂದು ನಗಲು ಶುರುಮಾಡಿದವಳು ನಡುವೆಯೇ ನಿಲ್ಲಿಸಿದಳು. ನನ್ನ ಗಂಟಲನ್ನೇ ನೋಡುತ್ತಿದ್ದಳು. "ಎಷ್ಟು ದಿನದಿಂದ?" ಎಂದಳು, ಮೆಲ್ಲಗೆ.

ಎಂಟು ತಿಂಗಳು ಎಂದೆ. ಸೋಮವಾರದ ಪರೀಕ್ಷೆಯ ಮಾತು ಹೇಳಿದೆ. ಆಮೇಲೆ, ಬಂದ ಕೆಲಸ ಇದೇ ಎಂದು, ಅವ್ವನಿಗೆ ಏನಾಗಿತ್ತು ಎಂದು ಕೇಳಿದೆ.

"ಜ್ವರ ಕಣಮ್ಮ. ಕಾಮಾಲೆಗೆ ತಿರುಗ್ಬುಡ್ತು."

ಆಗ ಎಷ್ಟು ವಯಸ್ಸು ಎಂದೆ. ತನ್ನ ವಯಸ್ಸೇ ಗೊತ್ತಿಲ್ಲದವಳಿಗೆ ತಂಗಿಯ ವಯಸ್ಸು ಹೇಗೆ ಗೊತ್ತಿರುತ್ತದೆ ಎಂದಳು. ಬಸ್ ಸ್ಟ್ಯಾಂಡಿನ ಎದುರು ಅವ್ವ ಸೋಡಾ ಕುಡಿಯುತ್ತಿದ್ದದ್ದು ನೆನಪಿದೆ ಎಂದೆ. ಹಸಿರು ಸೀರೆಯ ವಿಷಯವನ್ನೂ ಹೇಳಿದೆ.

"ಸೋಡಾ ಕುಡೀತಿದ್ದೋಳು ನಾನು. ಅಸುರು ಸೀರೇನೂ ನಂದೇ. ನೀನು ನನ್ನ ನೋಡಿ ನಿಮ್ಮವ್ವ ಅನ್ಕಂಡಿದ್ದೀಯ."

ಒಂದು ಗಳಿಗೆ ಎದೆ ಹಗುರಾಯಿತು. ಮೂವತ್ತು ವರ್ಷ ಇಟ್ಟುಕೊಂಡ ಚಿತ್ರ ಸುಳ್ಳಾದರೆ ಹೀಗೆ ಖುಷಿಯಾಗುತ್ತದೆ ಎಂದು ನಾನು ತಿಳಿದಿರಲಿಲ್ಲ. ಹಾಗಾದರೆ ಡಾಕ್ಟರಿಗೆ ಕಾಮಾಲೆ ಎಂದೇ ಬರೆಸುತ್ತೇನೆ ಎಂದೆ. ದೊಡ್ಡಮ್ಮ ಬಾಗಿಲ ಕಡೆ ನೋಡಿ, ಸೊಸೆ ಅಂಗಡಿಯಲ್ಲಿದ್ದಾಳೆಂದು ಖಾತ್ರಿ ಮಾಡಿಕೊಂಡು, ನನ್ನ ಹತ್ತಿರಕ್ಕೆ ಸರಿದಳು.

"ಏನೂ ಬರೆಸ್ಬ್ಯಾಡ. ನಿನ್ ಮಗಳು ಬೆಳೆದವ್ಳೆ. ನಿನ್ ಮದ್ವೆ ಮಾಡೋ ಒತ್ಗೆ ನಾವು ಪಟ್ಟಿದ್ದು ಸಾಕು."

ಹೆಣ್ಣು ಕೇಳಿ ಬರುವವರು ತಾಯಿಯ ಕಡೆ ಯಾವ ಕಾಯಿಲೆ ಇತ್ತು ಎಂದು ನಮ್ಮವರಲ್ಲಿ ಅಕ್ಕಪಕ್ಕದ ಮನೆಗಳಲ್ಲಿ ವಿಚಾರಿಸುತ್ತಾರೆ. ಅದಕ್ಕೇ ಕೆಲವು ರೋಗಗಳಿಗೆ ಮನೆಯೊಳಗೂ ಹೆಸರಿಡುವುದಿಲ್ಲ. ಇದು ನನಗೆ ಗೊತ್ತಿದ್ದ ವಿಷಯವೇ. ನನ್ನ ಮದುವೆಯ ಹಿಂದೆಯೂ ಅದು ನಡೆದಿತ್ತು ಎಂದು ಆವತ್ತಿನವರೆಗೆ ಹೊಳೆದಿರಲಿಲ್ಲ. ಕಾಮಾಲೆಗೆ ಯಾರು ಅಷ್ಟು ಪಾಡು ಪಡುತ್ತಾರೆ? ಇನ್ನೂ ಕೇಳುವಷ್ಟರಲ್ಲಿ ಅವಳು ತಟ್ಟೆ ಎತ್ತಿಕೊಂಡು ಎದ್ದಳು. ಮಲಗುವವರೆಗೂ ಕಡಲೆಬೀಜದ ಧಾರಣೆ, ನೆಂಟರ ಮನೆಯ ಗೃಹಪ್ರವೇಶ, ಇವೇ ಮಾತು.

ಶನಿವಾರ ಬೆಳಿಗ್ಗೆ ನಾನು ಮುಖ ತೊಳೆದು ಬರುವಷ್ಟರಲ್ಲಿ ದೊಡ್ಡಮ್ಮ ಒಲೆಯ ಮುಂದಿದ್ದಳು. ಅಕ್ಕಿ ನುಚ್ಚನ್ನು ಕರಗುವಷ್ಟು ಬೇಯಿಸಿ, ತೆಳ್ಳನೆಯ ಹಳೆ ಪಂಚೆಯ ತುಂಡನ್ನು ಎರಡು ಮಡಿಕೆ ಮಾಡಿ ಪಾತ್ರೆಯ ಮೇಲೆ ಹಾಸಿ, ಗಂಜಿ ಸುರಿದು, ಹಿಂಡಿ ಹಿಂಡಿ ಸೋಸುತ್ತಿದ್ದಳು. ಒಂದು ಅಗುಳೂ ಕೆಳಗೆ ಇಳಿಯಲಿಲ್ಲ. ಉಪ್ಪು ಹಾಕಿ, ಎರಡು ಲೋಟಗಳಲ್ಲಿ ಎತ್ತಿ ಸುರಿದು ಆರಿಸಿ, ನನ್ನನ್ನು ಗೋಡೆಗೆ ಒರಗದಂತೆ ನೆಟ್ಟಗೆ ಕೂರಿಸಿ, ಚಮಚದಲ್ಲಿ ತಾನೇ ಕುಡಿಸಿದಳು. ಪ್ರತಿ ಚಮಚಕ್ಕೂ ಬೆನ್ನನ್ನು ಮೇಲಿಂದ ಕೆಳಕ್ಕೆ ನೀವಿ, ಒಂದಿಷ್ಟು ಹೊತ್ತು ಕಾದು, ಆಮೇಲೆ ಇನ್ನೊಂದು. ನನಗೇ ಗೊತ್ತಿಲ್ಲದ ಆ ಅಳತೆ ಅವಳಿಗೆ ಗೊತ್ತಿತ್ತು. ಎಂಟು ತಿಂಗಳಲ್ಲಿ ಮೊದಲ ಸಲ ಏನೂ ನಿಲ್ಲದೆ ಇಳಿಯಿತು. ನಾನು ಲೋಟ ಬಿಟ್ಟು ಅವಳ ಕೈಯನ್ನೇ ನೋಡತೊಡಗಿದೆ.

ಸೊಸೆ ಬಾಗಿಲಲ್ಲಿ ನಿಂತು ನೋಡುತ್ತಿದ್ದಳು. ಇಪ್ಪತ್ತಾರು ವರ್ಷದಿಂದ ಈ ಮನೆಯಲ್ಲಿದ್ದೀನಿ, ಅತ್ತೆ ಹಿಂಗೆ ಗಂಜಿ ಸೋಸಿದ್ದು ನೋಡೇ ಇಲ್ಲ, ಮಕ್ಕಳಿಗೂ ಸೋಸಲಿಲ್ಲ ಎಂದಳು. ಅಂಗಡಿಗೆ ಗಿರಾಕಿ ಬಂದವರೆ ನೋಡು ಎಂದು ದೊಡ್ಡಮ್ಮ ಅವಳನ್ನು ಕಳಿಸಿದಳು. ಬಟ್ಟೆಯನ್ನು ಮೂರು ನೀರಿನಲ್ಲಿ ತೊಳೆದು, ಹಿಂಡಿ, ಹಿತ್ತಲ ತಂತಿಯ ಮೇಲೆ ಹರವಿದಳು.

ಬಸ್ ಸ್ಟ್ಯಾಂಡಿಗೆ ಅವಳೂ ಆಟೋದಲ್ಲಿ ಬಂದಳು. ಉಳಿದ ಗಂಜಿಯನ್ನು ಫ್ಲಾಸ್ಕಿಗೆ ಹಾಕಿ ತಂದಿದ್ದಳು. ನಾನು ಹತ್ತಿ ಕೂತ ಮೇಲೆ ಕಿಟಕಿಯ ಸರಳು ಹಿಡಿದುಕೊಂಡು ನಿಂತಳು. ಈಗ ಕೇಳದಿದ್ದರೆ ಆಗುವುದಿಲ್ಲ ಎಂದು ಡ್ರೈವರ್ ಇಂಜಿನ್ ಚಾಲೂ ಮಾಡಿದ ಹೊತ್ತಿಗೆ ಕೇಳಿದೆ. ಅವಳಿಗೆ ಕೇಳಿಸಿತು, ಸರಳಿನ ಮೇಲಿದ್ದ ಕೈ ಹಿಂದಕ್ಕೆ ಹೋಯಿತು. ಫ್ಲಾಸ್ಕಿನ ಮುಚ್ಚಳ ಬಿಗಿ ಮಾಡ್ಕೊ, ಚೆಲ್ತದೆ ಎಂದಳು. ಬಸ್ಸು ತಿರುಗುವಾಗ ನೋಡಿದೆ, ಮೊಬೈಲ್ ಅಂಗಡಿಗಳ ಮುಂದೆ ಬಿಸಿಲಿನಲ್ಲಿ ಹಾಗೇ ನಿಂತಿದ್ದಳು. ನಿನ್ನೆ ಸಂಜೆ ಫೋನು ಮಾಡಿದಾಗಲೂ ಗಂಜಿ ಕೆಟ್ಟಿತ್ತಾ, ಕುಡಿದೆಯಾ ಎಂದು ಮಾತ್ರ ವಿಚಾರಿಸಿದಳು. ನಾಳೆ ಒಂಬತ್ತಕ್ಕೆ ಆಸ್ಪತ್ರೆಗೆ ಹೋಗಬೇಕು. ಫಾರಂ ಮೇಜಿನ ಮೇಲಿದೆ. ತಾಯಿಯ ವಿವರ ಬರೆಯುವ ಜಾಗ ಖಾಲಿ ಇದೆ. ಕಿಟಕಿಯಿಂದ ನಾನು ಕೇಳಿದ್ದು ಇಷ್ಟೇ:

"ಗಂಜಿ ಹಿಂಗೆ ಸೋಸೋದು ಯಾರಿಗೋಸ್ಕರ ಕಲ್ತೆ ದೊಡ್ಡಮ್ಮ?"