ಕುಲಸಚಿವರ ಕೋಣೆಯ ಫ್ಯಾನು

ಮಿತ್ರರೇ, ಇಂದು ಬೆಳಿಗ್ಗೆ ನನ್ನ ವಿದ್ಯಾರ್ಥಿನಿ ಶರಣಮ್ಮನ ಜೊತೆ ವಿಶ್ವವಿದ್ಯಾಲಯದ ಕಚೇರಿಗೆ ಹೋಗಿದ್ದೆ. ಕಗ್ಗದಾಸಪುರದ ಬಾಡಿಗೆ ಕೋಣೆಯಲ್ಲಿ ಓದಿದ ಹುಡುಗಿ. ಮಾರತ್ತಹಳ್ಳಿಯ ಕಾಲೇಜೊಂದರಲ್ಲಿ ಉಪನ್ಯಾಸಕಿಯ ಕೆಲಸ ಸಿಕ್ಕಿದೆ. ಸೋಮವಾರದೊಳಗೆ ಅವಳ ಪದವಿಪತ್ರಕ್ಕೆ ಕುಲಸಚಿವರ ಸಹಿ ಬೀಳದಿದ್ದರೆ ಆ ಕೆಲಸ ಬೇರೆಯವರ ಪಾಲು.

ಅರವತ್ತು ತುಂಬಿದ ಕುಲಸಚಿವರ ನಿವೃತ್ತಿ ಕಚೇರಿ ನೌಕರರಂತೆ ಅರವತ್ತಕ್ಕೋ, ಅಧ್ಯಾಪಕರಂತೆ ಅರವತ್ತೆರಡಕ್ಕೋ ಎಂಬ ವ್ಯಾಜ್ಯ ನ್ಯಾಯಾಲಯದಲ್ಲಿದೆ. ತೀರ್ಪು ಬರುವ ತನಕ ಯಥಾಸ್ಥಿತಿ ಕಾಯಬೇಕೆಂದು ಆದೇಶವಾಗಿದೆ. ಯಥಾಸ್ಥಿತಿಯೆಂದರೆ ಯಾವುದೆಂದು ಯಾರಿಗೂ ತಿಳಿಯದೆ ಅವರೂ ಬರುತ್ತಿಲ್ಲ, ಬೇರೆಯವರನ್ನೂ ಕೂರಿಸಿಲ್ಲ.

ಅಟೆಂಡರ್ ನಾರಾಯಣಪ್ಪ ಬಾಗಿಲು ತೆರೆದು ತೋರಿಸಿದರು. ಖಾಲಿ ಕುರ್ಚಿಯ ಮೇಲೆ ಫ್ಯಾನು ತಿರುಗುತ್ತಿತ್ತು. ಕುರ್ಚಿಗೆ ಹೊದಿಸಿದ್ದ ಟವೆಲ್ಲಿನ ಅಂಚು ಉಸಿರಾಡುವಂತೆ ಏಳುತ್ತಿತ್ತು, ಇಳಿಯುತ್ತಿತ್ತು. ಅರ್ಧ ಕುಡಿದ ಕಾಫಿಯ ಮೇಲೆ ಬೂಷ್ಟು ಕಟ್ಟಿತ್ತು. ಪೆನ್ನಿನ ಮುಚ್ಚಳ ತೆಗೆದೇ ಇತ್ತು.

"ಯಾರೋ ಇನ್ನೂ ಕುಂತಾರ ಅನಸ್ತದ ರೀ ಸರ," ಎಂದು ಶರಣಮ್ಮ ಪಿಸುಗುಟ್ಟಿದಳು.

ನಾನು ಫ್ಯಾನಿನ ಸ್ವಿಚ್ಚಿನತ್ತ ಕೈ ಚಾಚಿದೆ. ನಾರಾಯಣಪ್ಪ ತಡೆದರು. "ಬೇಡ ಸಾರ್. ಎಲ್ಲಾ ಇದ್ದಂಗೇ ಇರ್ಬೇಕು ಅಂತ ಕೋರ್ಟ್ ಹೇಳೈತೆ. ರಾತ್ರೀನೂ ಆಫ್ ಮಾಡಲ್ಲ. ಬೆಳಿಗ್ಗೆ ಬಾಗಿಲು ತೆಗ್ದಾಗ ನನಗೇ ಗೊತ್ತಿಲ್ದೆ ನಮಸ್ಕಾರ ಹೇಳ್ಬಿಡ್ತೀನಿ."

"ಯಾರಿಗೆ?"

ಅವರು ಕುರ್ಚಿಯ ಕಡೆ ನೋಡಿ, ಬಾಗಿಲನ್ನು ಮೆಲ್ಲಗೆ ಎಳೆದುಕೊಂಡರು.

ಹೊರಬಂದು ಕಾಲೇಜಿನ ಪ್ರಾಂಶುಪಾಲರಿಗೆ ಫೋನ್ ಮಾಡಿ ಇನ್ನೊಂದು ವಾರ ಕೇಳಿದ್ದೇನೆ, ಕೊಡುತ್ತಾರೆಂಬ ನಂಬಿಕೆಯಿದೆ. ಆ ಕೋಣೆಯಲ್ಲಿ ಒಬ್ಬರ ವಯಸ್ಸು ಅರವತ್ತರಲ್ಲೇ ನಿಂತಿದೆ. ನಮ್ಮ ಹುಡುಗಿಯ ಸೋಮವಾರಕ್ಕೆ ಮಾತ್ರ ಯಾವ ನ್ಯಾಯಾಲಯವೂ ತಡೆಯಾಜ್ಞೆ ಕೊಟ್ಟಿಲ್ಲ.