ಆರನೇ ನಂಬರಿನ ನಡಿಗೆ ಬಲ್ಲ ರಂಜಿತ

ಬೆಳಗಿನ ಐದೂಕಾಲು. ದೊಡ್ಡಬಳ್ಳಾಪುರದಲ್ಲಿ ಹಾಲಿನ ವ್ಯಾನುಗಳು ಇನ್ನೂ ಬೀದಿಯಲ್ಲೇ ಇವೆ. ಪಕ್ಕದ ಕಟ್ಟಡದಲ್ಲಿ ವಿದ್ಯುತ್ ಮಗ್ಗಗಳು ಆಗಲೇ ಸದ್ದು ಶುರು ಮಾಡಿವೆ. ಎರಡನೇ ಮಹಡಿಯ ಕಿಟಕಿ ಪಕ್ಕದಲ್ಲಿ ರಂಜಿತ ಹೆಲ್ಮೆಟ್ಟನ್ನು ಮೇಜಿನ ಕೆಳಗೆ ತಳ್ಳಿ, ಸ್ವೆಟರಿನ ತೋಳು ಮೇಲೇರಿಸಿ ಕಂಪ್ಯೂಟರ್ ತೆರೆಯುತ್ತಾರೆ. ಪರದೆಯ ಮೇಲೆ ಹಿಂದಿನ ದಿನ ಇಂಗ್ಲೆಂಡಿನಲ್ಲಿ ನಡೆದ ಫುಟ್‌ಬಾಲ್ ಪಂದ್ಯ. ಕೀಬೋರ್ಡಿನ ಅಕ್ಷರಗಳು ಉಜ್ಜಿ ಉಜ್ಜಿ ಮಾಸಿಹೋಗಿವೆ, ಬೆರಳಿಗೆ ಮಾತ್ರ ಯಾವುದು ಎಲ್ಲಿದೆ ಎಂದು ಗೊತ್ತು.

"ಎರಡರಿಂದ ಆರಕ್ಕೆ, ಬಲಗಾಲು. ಆರರಿಂದ ಹತ್ತಕ್ಕೆ, ಎಡಗಾಲು. ಹತ್ತು ಕಳ್ಕೊಂಡ." ಸಹಸ್ರನಾಮ ಹೇಳುವವರ ಹಾಗೆ ಅವರ ತುಟಿ ಆಡುತ್ತಲೇ ಇರುತ್ತದೆ. ಚೆಂಡು ಯಾರಿಂದ ಯಾರಿಗೆ ಹೋಯಿತು, ಯಾವ ಕಾಲಿನಿಂದ, ಮೈದಾನದ ಯಾವ ಮೂಲೆಯಿಂದ ಎಂಬುದನ್ನೆಲ್ಲ ಒಂದೂ ಬಿಡದೆ ಒತ್ತಬೇಕು. ಅನುಮಾನ ಬಂದರೆ ಹಿಂದಕ್ಕೆ ಓಡಿಸಿ ಮತ್ತೆ ನೋಡಬೇಕು. ತೊಂಬತ್ತು ನಿಮಿಷದ ಆಟ ಮುಗಿಸುವ ಹೊತ್ತಿಗೆ ಇಲ್ಲಿ ಹನ್ನೊಂದು ಗಂಟೆಯಾಗಿರುತ್ತದೆ.

ಇಂಥ ಆಟಗಾರ ಅರವತ್ತು ಪಾಸ್ ಕೊಟ್ಟ, ಅದರಲ್ಲಿ ಐವತ್ತೈದು ಸರಿಯಾದವು ಎಂದು ಪತ್ರಿಕೆಯಲ್ಲಿ ಓದುತ್ತೇವಲ್ಲ, ಆ ಸಂಖ್ಯೆ ಆಕಾಶದಿಂದ ಉದುರುವುದಿಲ್ಲ. ಯಾರೋ ಕೂತು ಕಣ್ಣಲ್ಲಿ ಕಣ್ಣಿಟ್ಟು ಬರೆದಿರುತ್ತಾರೆ. ಹಾಗೆ ಬರೆಯುವವರಲ್ಲಿ ಮೂವತ್ತೆರಡರ ರಂಜಿತ ಒಬ್ಬರು. ಒಂದು ತಂಡಕ್ಕೆ ಒಬ್ಬರು, ಒಂದು ಪಂದ್ಯಕ್ಕೆ ಸುಮಾರು ಸಾವಿರ ನಮೂದು. ಸಾವಿರಕ್ಕೆ ಹತ್ತು ತಪ್ಪಿನವರೆಗೆ ಕ್ಷಮೆ ಇದೆ. ಕಂಪನಿಯ ಹೆಸರಾಗಲಿ ಕ್ಲಬ್ಬಿನ ಹೆಸರಾಗಲಿ ಬರೆಯುವಂತಿಲ್ಲ ಎಂಬ ಷರತ್ತಿನ ಮೇಲೆ ಅವರು ಮಾತಿಗೆ ಸಿಕ್ಕಿದ್ದಾರೆ.

ಮಧುರೆ ಹೋಬಳಿಯ ಅವರ ಮನೆಯಲ್ಲಿ ಇದನ್ನು ಯಾರೂ ಕೆಲಸವೆಂದು ಒಪ್ಪಿಕೊಂಡಿಲ್ಲ. "ಆಟ ನೋಡೋಕೂ ಸಂಬ್ಳ ಕೊಡ್ತಾರಂತೆ. ಇದೆಂಥ ಕಾಲ ಬಂತವ್ವಾ" ಎಂದು ಅತ್ತೆ ವರಲಕ್ಷ್ಮಮ್ಮ ಈಗಲೂ ಬಂದವರ ಮುಂದೆ ಹೇಳಿ ನಗುತ್ತಾರೆ. ಆದರೆ ಸೊಸೆ ನಾಲ್ಕೂವರೆಗೆ ಸ್ಕೂಟರ್ ಹೊರಡಿಸುವ ಮುಂಚೆ ಎದ್ದು ಬಿಸಿನೀರು ಕಾಯಿಸಿಡುವವರೂ ಅವರೇ. ಗಂಡ ಮುನಿಕೃಷ್ಣ ಆ ಹೊತ್ತಿಗೇ ತಿಂಡಿ ಮಾಡಿ ಇವರಿಗೆ ಡಬ್ಬಿ ಕಟ್ಟುತ್ತಾರೆ, ಕಾರ್ಖಾನೆಗೆ ಹೋಗುವ ಮುನ್ನ ಮಗಳನ್ನು ಸ್ಕೂಲಿಗೆ ಬಿಡುತ್ತಾರೆ. ಉಪ್ಪಿಟ್ಟಿಗೆ ಉಪ್ಪು ಹೆಚ್ಚಾಗುತ್ತದೆ ಎಂಬುದೊಂದೇ ರಂಜಿತಾರ ದೂರು.

ಹುಟ್ಟಿದ್ದು ಸಾಸಲು ಕಡೆಯ ಹಳ್ಳಿಯಲ್ಲಿ. ಅಪ್ಪ ಸೊಣ್ಣಪ್ಪ ನಲವತ್ತು ಕುರಿ ಸಾಕಿಕೊಂಡಿದ್ದರು, ಈಗಲೂ ಹದಿನೈದು ಉಳಿದಿವೆ. ಬಿ.ಕಾಂ. ಮುಗಿಸಿದ ಮಗಳು ಒಂದು ವರ್ಷ ಗಾರ್ಮೆಂಟ್ಸಿನಲ್ಲಿ ಕಾಲರ್ ಹೊಲಿದರು. ಅಲ್ಲಿದ್ದಾಗಲೇ ಗೆಳತಿಯೊಬ್ಬಳು, "ಕಂಪ್ಯೂಟರ್ ಗೊತ್ತಿದ್ರೆ ಸಾಕಂತೆ, ಆಟ ಗೊತ್ತಿರ್ಬೇಕಿಲ್ವಂತೆ" ಎಂದು ಇಲ್ಲಿಗೆ ಕರೆತಂದಳು. ಗೆಳತಿ ತಿಂಗಳೊಳಗೆ ಬಿಟ್ಟುಹೋದಳು, ಇವರು ಉಳಿದರು. ಆ ಹೊತ್ತಿಗೆ ಅವರು ಜೀವಮಾನದಲ್ಲಿ ಒಂದೇ ಒಂದು ಫುಟ್‌ಬಾಲ್ ಪಂದ್ಯವನ್ನೂ ನೋಡಿರಲಿಲ್ಲ.

ತರಬೇತಿಗೆ ಕೊಟ್ಟ ಮೊದಲ ಪಂದ್ಯದಲ್ಲಿ ಸ್ಪೇನಿನಿಂದ ಇಂಗ್ಲೆಂಡಿಗೆ ಆಗಷ್ಟೇ ಬಂದಿದ್ದ ಆಟಗಾರನೊಬ್ಬನಿದ್ದ. ಹೆಸರು ಇಬಾನ್ ಸರಾತೆ, ವಯಸ್ಸು ಇಪ್ಪತ್ನಾಲ್ಕು, ಬೆನ್ನಿಗೆ ಆರನೇ ನಂಬರು. ಆಡುವುದು ಮೈದಾನದ ನಡುವೆ, ಅಂದರೆ ಹಿಂದಿನವರಿಂದ ಚೆಂಡು ಈಸಿಕೊಂಡು ಮುಂದಿನವರಿಗೆ ದಾಟಿಸುವ ಜಾಗದಲ್ಲಿ. ಮಳೆ ಸುರಿಯುತ್ತಿತ್ತು. ಆತ ಹನ್ನೊಂದು ಸಲ ಚೆಂಡು ಕಳೆದುಕೊಂಡ, ಎರಡು ಸಲ ಜಾರಿಬಿದ್ದ, ಕೊನೆಗೆ ಹೊರಗೆ ಕರೆಸಿಕೊಂಡರು.

"ಅವತ್ತು ನಂದೂ ಅರ್ಧಕ್ಕರ್ಧ ತಪ್ಪು" ಎಂದು ರಂಜಿತ ನೆನೆಯುತ್ತಾರೆ. "ಅವರಿಗೆ ಹೊಸ ಊರು, ನನಗೆ ಹೊಸ ಕೆಲಸ. ಪಾಪ ಅನ್ನಿಸ್ತು. ಇವರು ಉಳ್ಕೊಂಡ್ರೆ ನಾನೂ ಉಳ್ಕೊತೀನಿ ಅಂತ ಅನ್ಕೊಂಡ್ಬಿಟ್ಟೆ, ಹುಚ್ಚು."

ಇಬ್ಬರೂ ಉಳಿದರು. ಎರಡನೇ ದರ್ಜೆಯ ತಂಡದಲ್ಲಿ ಇಬಾನ್ ಮೂರು ವರ್ಷ ಮಣ್ಣು ಹೊತ್ತ. ನಾಲ್ಕನೇ ವರ್ಷ ತಂಡ ಮೇಲಿನ ದರ್ಜೆಗೆ ಏರಿತು. ಆಮೇಲೆ ದೊಡ್ಡ ಕ್ಲಬ್ಬೊಂದು ಕರೆದುಕೊಂಡು ಒಂದು ವರ್ಷ ಬೆಂಚಿನ ಮೇಲೇ ಕೂರಿಸಿತು, ಮರುವರ್ಷ ನಾಯಕನ ಪಟ್ಟಿಯನ್ನೇ ತೋಳಿಗೆ ಕಟ್ಟಿತು. ಇಷ್ಟು ವರ್ಷದಲ್ಲಿ ಹೊಡೆದ ಗೋಲು ಒಂಬತ್ತು. ಜಾಹೀರಾತಿನಲ್ಲಿ ಮುಖ ಇಲ್ಲ, ಹುಡುಗರ ಟೀ ಶರ್ಟಿನ ಮೇಲೆ ಹೆಸರಿಲ್ಲ. ಅಲ್ಲಿ ಆತನೂ ಎಲೆಮರೆಯ ಕಾಯಿಯೇ. ಆದರೆ ದೊಡ್ಡಬಳ್ಳಾಪುರದ ಈ ಮೇಜಿನಲ್ಲಿ ಆತನ ಹನ್ನೊಂದು ಸಾವಿರಕ್ಕೂ ಹೆಚ್ಚು ಪಾಸುಗಳು ಒಬ್ಬರದೇ ಬೆರಳಿನಿಂದ ದಾಖಲಾಗಿವೆ. ಆಫೀಸಿನಲ್ಲಿ ಎಲ್ಲರೂ ಆತನನ್ನು "ರಂಜಿತಾರ ಅಣ್ಣ" ಎಂದೇ ಕರೆಯುತ್ತಾರೆ.

ಎಲ್ಲರೂ ಆಟಗಾರರನ್ನು ಬೆನ್ನಿನ ನಂಬರು ನೋಡಿ ಗುರುತಿಸಿದರೆ ರಂಜಿತ ಗುರುತಿಸುವುದು ನಡಿಗೆಯಿಂದ. ಕ್ಯಾಮೆರಾ ದೂರವಿದ್ದಾಗ ನಂಬರು ಇರುವೆ ಗಾತ್ರ. ಮಳೆ, ಮಂಜು, ಕೆಸರು ಸೇರಿದರೆ ಅದೂ ಇಲ್ಲ. ಅಂಥ ಕಡೆ ಉಳಿದವರು ಹತ್ತು ಸಲ ಹಿಂದಕ್ಕೆ ಓಡಿಸಿ ಪರದಾಡುವಾಗ ಇವರು ಬರೆದು ಮುಂದೆ ಹೋಗಿರುತ್ತಾರೆ. "ನಮ್ಮಪ್ಪ ಬೆಟ್ಟದ ಮೇಲಿರೋ ಕುರಿ ಯಾರ ಮನೇದು ಅಂತ ಇಲ್ಲಿಂದ್ಲೇ ಹೇಳೋರು. ಮನುಷ್ಯರನ್ನೂ ಅಷ್ಟೇ. ಮುಖ ಕಾಣೋಕೆ ಮುಂಚೆ ಬರ್ತಿರೋರು ಯಾರು ಅಂತ ಹೇಳ್ಬಿಡೋರು. ಜೊತೇಲಿ ಓಡಾಡಿ ನನಗೂ ಬಂದ್ಬಿಡ್ತು." ಇಬಾನ್ ಹಿಮ್ಮಡಿ ಊರದೆ ಚಿಕ್ಕ ಹೆಜ್ಜೆ ಹಾಕುತ್ತಿದ್ದ. ಪಾಸ್ ಕೊಟ್ಟ ಮೇಲೆ ಎರಡು ಹೆಜ್ಜೆ ಹಿಂದೆ ಸರಿಯುತ್ತಿದ್ದ. ಇದು ಅವನ ಹೆಂಡತಿಗಾದರೂ ಗೊತ್ತಿತ್ತೋ ಇಲ್ಲವೋ.

ಇದೇ ಗುಣ ಅವರಿಗೆ ಮುಳುವಾದದ್ದು ಆಚೆ ವರ್ಷದ ನವೆಂಬರಿನಲ್ಲಿ. ಕೆಸರು ತುಂಬಿದ ಮೈದಾನ, ಮಬ್ಬು ಬೆಳಕು. ತಂಡದಲ್ಲಿ ಇಬಾನನಷ್ಟೇ ಎತ್ತರದ, ಅವನಂಥದೇ ಗಡ್ಡದ ಹೊಸ ಆಟಗಾರನೊಬ್ಬ ಸೇರಿದ್ದ. ರಂಜಿತ ಎಂದಿನಂತೆ ಬರೆದು ಮುಗಿಸಿ ಮನೆಗೆ ಹೋದರು. ಮರುದಿನ ತಪ್ಪು ಪರೀಕ್ಷಿಸುವ ಮೇಲ್ವಿಚಾರಕ ಮುನೀಂದ್ರ ರಂಜಿತಾರನ್ನು ಕರೆಸಿದರು. ದ್ವಿತೀಯಾರ್ಧದಲ್ಲಿ ಇಬಾನ್ ಕೊಟ್ಟ ಹದಿನಾಲ್ಕು ಪಾಸುಗಳು ಆ ಹೊಸಬನ ಹೆಸರಿಗೆ ಹೋಗಿದ್ದವು.

"ಏನಮ್ಮಾ ರಂಜಿತಾ, ಎಂಟು ವರ್ಷದಿಂದ ನೋಡ್ತಿರೋ ಅಣ್ಣನ್ನೇ ಗುರುತು ಹಿಡೀಲಿಲ್ವಾ?" ಎಂದು ಮುನೀಂದ್ರ ಕೇಳಿದರು.

ಇವರು ಮತ್ತೆ ನೋಡಿದರು. ಹತ್ತಿರದ ಕ್ಯಾಮೆರಾದಲ್ಲಿ ಆರನೇ ನಂಬರು ಸ್ಪಷ್ಟವಾಗಿತ್ತು. ಆದರೂ ಬಲಗಾಲು ಊರುವ ರೀತಿ ಕಂಡು ಮನಸ್ಸು ಒಪ್ಪಲಿಲ್ಲ. "ನಂಬರ್ ಅವರದ್ದೇ ಸಾರ್. ನಡಿಗೆ ಅವರದ್ದಲ್ಲ" ಎಂದರು. ಸುತ್ತ ಕೂತಿದ್ದವರು ಗೊಳ್ಳೆಂದು ನಕ್ಕರು.

ನಗು ಒಂದು ಕಡೆ, ನಿಯಮ ಇನ್ನೊಂದು ಕಡೆ. ಒಬ್ಬನೇ ಆಟಗಾರನ ವಿಷಯದಲ್ಲಿ ಹತ್ತಕ್ಕಿಂತ ಹೆಚ್ಚು ತಪ್ಪಾದರೆ ಇಂಗ್ಲೆಂಡಿನ ಪಂದ್ಯಗಳ ಮೇಜಿನಿಂದ ಇಳಿಸಬೇಕು. ಮತ್ತೆ ಏರಬೇಕಾದರೆ ಪರೀಕ್ಷೆ, ಅದೂ ವರ್ಷಕ್ಕೆ ಎರಡೇ ಸಲ, ಇಳಿಸಿದ ಮೂರು ತಿಂಗಳೊಳಗೆ ಬರುವುದಕ್ಕೆ ಕೂರುವಂತಿಲ್ಲ. ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ. ರಂಜಿತಾರನ್ನು ಶಾಲಾ ಮಕ್ಕಳ ಟೂರ್ನಿಗಳನ್ನು ಬರೆಯುವ ಮೇಜಿಗೆ ಕಳಿಸಲಾಯಿತು. ಹೋಗುವ ಮುಂಚೆ ಅವರು ಆ ಪಂದ್ಯದ ಷರಾ ಕಾಲಮ್ಮಿನಲ್ಲಿ ತಮಗೆ ಬಂದ ಇಂಗ್ಲಿಷಿನಲ್ಲಿ ಹೀಗೆ ಬರೆದರು: ಆರನೇ ನಂಬರು ಆರನೇ ನಂಬರಿನ ಹಾಗೆ ನಡೆಯುತ್ತಿಲ್ಲ, ದಯವಿಟ್ಟು ಬಲ ಮಂಡಿ ನೋಡಿ. ಎರಡು ದಿನದ ಮೇಲೆ ವಿದೇಶದ ಕಚೇರಿಯಿಂದ ಉತ್ತರ ಬಂತು. ಈ ಕಾಲಮ್ಮನ್ನು ವಿಡಿಯೊ ಕೆಟ್ಟಿದ್ದರೆ ತಿಳಿಸಲು ಮಾತ್ರ ಬಳಸಿ ಎಂದಿತ್ತು. ಕೆಟ್ಟಿದ್ದು ಮನುಷ್ಯನ ಕಾಲಾದರೆ ತಿಳಿಸಲು ಆ ಕಂಪನಿಯಲ್ಲಿ ಕಾಲಮ್ಮಿಲ್ಲ.

ಆ ಭಾನುವಾರ ಅವರು ತವರಿಗೆ ಹೋದರು. ಕ್ಲಬ್ಬಿನವರೇ ಎಲ್ಲರಿಗೂ ನೋಡಲು ಹಾಕಿದ್ದ ಪಂದ್ಯದ ತುಣುಕನ್ನು ಮೊಬೈಲಿನಲ್ಲಿ ತೆರೆದು, ಕುರಿ ರೊಪ್ಪದ ಮುಂದೆ ಕೂತಿದ್ದ ಅಪ್ಪನ ಕೈಗೆ ಕೊಟ್ಟರು. ಸೊಣ್ಣಪ್ಪ ಕಣ್ಣು ಕಿರಿದು ಮಾಡಿಕೊಂಡು ಮೂರು ಸಲ ನೋಡಿದರು.

"ಈ ಬಿಳೀ ಚೆಡ್ಡಿಯವ್ನ?"

"ಹೂನಪ್ಪ, ಅವರೇ."

"ಬಲ ಮಂಡಿ ಕಣವ್ವ. ಆ ಕಾಲು ಊರ್ದಾಗ ನೋಡು, ತಲೆ ಮೇಲಕ್ಕೋಯ್ತದೆ. ಕುರೀಗೂ ಅಂಗೇ, ನೋವು ಕಾಲಲ್ಲಿದ್ರೆ ಅದು ತಲೇಲಿ ಕಾಣ್ತದೆ. ಇನ್ನೊಂದೆರಡು ವಾರ ಇಂಗೇ ಓಡ್ಸುದ್ರೆ ಕುಂತ್ಬುಡ್ತಾನೆ." ಮೊಬೈಲ್ ಹಿಂದಕ್ಕೆ ಕೊಡುತ್ತಾ, "ಹೇಳೋರಿಲ್ವ ಅವ್ನಿಗೆ?" ಎಂದು ಕೇಳಿದರು. ಹೇಳಬೇಕಾದವರಿಗೆ ರಂಜಿತ ಹೇಳಿಯಾಗಿತ್ತು.

ಮೂರನೇ ವಾರ ಇಬಾನ್ ಮೈದಾನದಲ್ಲಿ ಕುಸಿದ. ಹತ್ತಿರದಲ್ಲಿ ಯಾರೂ ಇರಲಿಲ್ಲ, ಯಾರೂ ತಾಗಲಿಲ್ಲ. ತಿರುಗಲು ಹೋಗಿ ಬಲ ಮಂಡಿ ಹಿಡಿದುಕೊಂಡು ಹಾಗೇ ಕೂತುಬಿಟ್ಟ. ಶಸ್ತ್ರಚಿಕಿತ್ಸೆಯಾಯಿತು, ಹತ್ತು ತಿಂಗಳು ಆಟವಿಲ್ಲ ಎಂದು ಸುದ್ದಿ ಬಂತು. ಮುನೀಂದ್ರ ಮಕ್ಕಳ ಟೂರ್ನಿಯ ಮೇಜಿನ ತನಕ ನಡೆದು ಬಂದು, "ನೀನು ಹೇಳಿದ್ದೇ ಸರಿ ಕಣಮ್ಮ. ನಾವು ನಗಬಾರ್ದಾಗಿತ್ತು" ಎಂದರು. ನಿಯಮ ಸಡಿಲಿಸಲು ಮೇಲಿನವರಿಗೆ ಬರೆಯುತ್ತೇನೆ ಎಂದೂ ಹೇಳಿದರು. ರಂಜಿತ ಬೇಡವೆಂದರು.

ಏಕೆ ಬೇಡವೆಂದಿರಿ ಎಂದು ಕೇಳಿದರೆ ದನಿ ತಗ್ಗಿಸಿ ಹೇಳುತ್ತಾರೆ. "ಮಂಡಿ ವಿಷ್ಯ ಸರಿ ಹೇಳ್ದೆ, ಪಾಸ್ ವಿಷ್ಯ ತಪ್ಪು ಬರ್ದೆ. ಎರಡೂ ಬೇರೆ ಬೇರೆ ಅಲ್ವಾ? ಆ ಮನುಷ್ಯ ಅಷ್ಟು ನೋವು ನುಂಗ್ಕೊಂಡು ಹದಿನಾಲ್ಕು ಪಾಸ್ ಕೊಟ್ಟಿದ್ದ. ಹದಿನಾಲ್ಕೂ ಸರಿಯಾದವು. ಅದನ್ನ ತಗೊಂಡೋಗಿ ಇನ್ನೊಬ್ರಿಗೆ ಬರ್ದ್ಬಿಟ್ಟೆ. ಆಮೇಲೆ ತಿದ್ದಿದ್ರು ಬಿಡಿ. ಆದ್ರೆ ಆ ನೋವು ಹೋಗಲ್ಲ ನನಗೆ." ಮೇಜು ಕೈತಪ್ಪಿದ್ದಕ್ಕಿಂತ ಇದೇ ಅವರನ್ನು ಹೆಚ್ಚು ಕೊರೆದಿದೆ.

ಇನ್ನೊಂದು ಭಯವೂ ಸೇರಿಕೊಂಡಿತು. ಇಬಾನನಿಗೆ ವಯಸ್ಸಾಗುತ್ತಿತ್ತು. ಆತ ಮರಳಿ ಬಂದರೂ ಎಷ್ಟು ದಿನ ಆಡುತ್ತಾನೋ ಹೇಳುವಂತಿರಲಿಲ್ಲ. ಅಷ್ಟರಲ್ಲಿ ತಾವು ಆ ಮೇಜಿಗೆ ಹಿಂದಿರುಗದಿದ್ದರೆ ಅವರ ಪಾಲಿಗೆ ಆತನ ಕತೆ ಆ ಹದಿನಾಲ್ಕು ತಪ್ಪಿನಲ್ಲೇ ಮುಗಿದುಹೋಗುತ್ತಿತ್ತು. ಜೂನ್ ತಿಂಗಳ ಪರೀಕ್ಷೆಗೆ ಕೂತಾಗ ಅವರು ಒಂದು ಶಪಥ ಮಾಡಿದ್ದರು. ಇನ್ನು ನಡಿಗೆ ನೋಡುವುದಿಲ್ಲ, ನಂಬರನ್ನೇ ನೋಡುತ್ತೇನೆ ಎಂದು. ಒಂದೂ ತಪ್ಪಾಗಲಿಲ್ಲ. ಆದರೆ ಕೊಟ್ಟ ಸಮಯದಲ್ಲಿ ಅರ್ಧ ಪಂದ್ಯವೂ ಮುಗಿಯದೆ ನಪಾಸಾದರು.

"ಕೋಪ ಬಂದ್ಬಿಡ್ತು ನನ್ ಮೇಲೆ ನನಗೇ. ಬರೋ ವಿದ್ಯೆ ಬಿಟ್ಟು ಬರ್ದೇ ಇರೋದನ್ನ ಹಿಡ್ಕೊಂಡು ಕೂತಿದ್ನಲ್ಲ ಅಂತ" ಎನ್ನುತ್ತಾರೆ. ಮನೆಯಲ್ಲಿ ಮುನಿಕೃಷ್ಣ, "ಬಿಡು, ಮಕ್ಕಳ ಮ್ಯಾಚಾದ್ರೆ ಏನಂತೆ, ಕೆಲಸ ಉಳ್ದಿದೆಯಲ್ಲ" ಎಂದು ಸಮಾಧಾನ ಹೇಳಿದರು. ಸಮಾಧಾನ ಆಗಲಿಲ್ಲ. ಆರು ತಿಂಗಳು ಮಕ್ಕಳ ಪಂದ್ಯಗಳಲ್ಲೇ ಅಭ್ಯಾಸ ಮಾಡಿದರು. ಮೊದಲು ನಡಿಗೆ ನೋಡಿ ಬರೆಯುವುದು, ಹತ್ತು ನಮೂದಿಗೊಮ್ಮೆ ನಿಂತು ನಂಬರಿನ ಜೊತೆ ತಾಳೆ ನೋಡುವುದು. ಎಲ್ಲಿ ತಾಳೆಯಾಗುವುದಿಲ್ಲವೋ ಅಲ್ಲಿ ನಂಬರಿನ ಮಾತೇ ಕೊನೆ. ಜನವರಿಯ ಪರೀಕ್ಷೆಯಲ್ಲಿ ಸಾವಿರಕ್ಕೆ ಎರಡೇ ತಪ್ಪು. ಈಗ ಹೊಸದಾಗಿ ಸೇರುವವರಿಗೆ ಮುನೀಂದ್ರ ಇದೇ ಕ್ರಮವನ್ನು ಹೇಳಿಕೊಡುತ್ತಾರೆ, ಯಾರ ಕ್ರಮ ಎಂಬುದನ್ನೂ ಸೇರಿಸಿ ಹೇಳುತ್ತಾರೆ.

ಇಂಗ್ಲೆಂಡಿನ ಮೇಜಿಗೆ ಮರಳಿದ ಎರಡನೇ ವಾರವೇ ಇಬಾನನ ಪಂದ್ಯ ಇವರ ಪಾಲಿಗೆ ಬಂತು. ಎಪ್ಪತ್ತೊಂದನೇ ನಿಮಿಷಕ್ಕೆ ಆತ ಬದಲಿ ಆಟಗಾರನಾಗಿ ಒಳಗೆ ಬಂದ. ರಂಜಿತ ವಿಡಿಯೊ ನಿಲ್ಲಿಸಿ, ನೀರು ಕುಡಿದು, ಮತ್ತೆ ಓಡಿಸಿದರು. ಆ ಚಿಕ್ಕ ಹೆಜ್ಜೆ ಇರಲಿಲ್ಲ. ಬಲಗಾಲಿನ ಹಿಮ್ಮಡಿ ಪೂರ್ತಿ ಊರುತ್ತಿತ್ತು, ಪಾಸ್ ಕೊಟ್ಟ ಮೇಲೆ ಹಿಂದೆ ಸರಿಯುವುದು ಒಂದೇ ಹೆಜ್ಜೆ. "ಬೇರೆ ಯಾರನ್ನೋ ನೋಡ್ದಂಗಾಯ್ತು. ಅಳು ಬಂತು, ಸುಳ್ಯಾಕೆ ಹೇಳ್ಲಿ. ಆಮೇಲೆ ಕೂತ್ಕೊಂಡು ಹೊಸ ನಡಿಗೇನ ಮೊದಲಿಂದ ಕಲ್ತೆ. ಇಪ್ಪತ್ತು ನಿಮಿಷಕ್ಕೆ ಹದಿನೇಳು ಸಲ ಮುಟ್ಟಿದ್ರು. ಹದಿನೇಳೂ ಸರಿ ಬರ್ದೆ."

ಈ ಮೇ ತಿಂಗಳಿಗೆ ಇಬಾನನ ಕರಾರು ಮುಗಿಯುತ್ತದೆ. ಮೂವತ್ತಮೂರರ ಮಂಡಿಯನ್ನು ನಂಬಿ ಇನ್ನೊಂದು ಕರಾರು ಯಾರೂ ಕೊಡಲಾರರು, ಆತ ಆಟ ಬಿಡುತ್ತಾನೆ ಎಂದು ಅಲ್ಲಿನ ಪತ್ರಿಕೆಗಳು ಬರೆಯುತ್ತಿವೆ. ಉಳಿದಿರುವುದು ಆರೋ ಏಳೋ ಪಂದ್ಯ. ಈಗೀಗ ಯಾವ ಪಂದ್ಯ ಯಾರ ಮೇಜಿಗೆ ಎಂಬುದನ್ನು ಕಂಪ್ಯೂಟರೇ ಹಂಚುತ್ತದೆ, ಮೊದಲಿನಂತೆ ಕೇಳಿ ಪಡೆಯುವ ಹಾಗಿಲ್ಲ. ದೊಡ್ಡಬಳ್ಳಾಪುರವೆಂಬ ಊರೊಂದಿದೆ, ಅಲ್ಲಿ ತನ್ನ ಒಂದೊಂದು ಹೆಜ್ಜೆಯನ್ನೂ ಬಲ್ಲ ಹೆಣ್ಣುಮಗಳೊಬ್ಬಳಿದ್ದಾಳೆ ಎಂಬುದು ಆತನಿಗೆ ತಿಳಿಯುವ ದಾರಿಯೂ ಇಲ್ಲ.

ತಿಳಿಯಬೇಕೆಂಬ ಆಸೆ ಇದೆಯೇ ಎಂದರೆ ರಂಜಿತ ತಲೆಯಾಡಿಸಿ ಇಲ್ಲವೆನ್ನುತ್ತಾರೆ. ಉಪ್ಪಿಟ್ಟು ಮುಗಿಸಿ ಡಬ್ಬಿ ಮುಚ್ಚಿ, ಕೈ ಒರೆಸಿಕೊಂಡು, ಇನ್ನೇನು ಎದ್ದರು ಎನ್ನುವಾಗ ತಾವಾಗಿಯೇ ಮಾತು ತೆಗೆಯುತ್ತಾರೆ.

"ಅವರ ಕೊನೇ ಮ್ಯಾಚು ನನ್ ಮೇಜಿಗೆ ಬರ್ಲಿ, ಅಷ್ಟೇ ಕೇಳ್ಕೊಳ್ಳೋದು. ಕೊನೇ ಪಾಸ್ ಕೊಡ್ವಾಗ ಅದು ಕೊನೇದು ಅಂತ ಅವರಿಗೂ ಗೊತ್ತಿರಲ್ಲ, ವಿಸಲ್ ಹೊಡೆದ ಮೇಲೇನೇ ಗೊತ್ತಾಗೋದು. ಅದನ್ನ ಅವರ ಹೆಸರಿಗೇ ಬರೀಬೇಕು ನಾನು."